ಹಾಲಿನ ಕುಡಿಕೆಯ ಕಂಚಿನ ಮುಚ್ಚಳ

"ಸತ್ತದ್ದು ಅವರಲ್ಲ," ಎಂದರು ನನ್ನ ಮಾವನ ತಾಯಿ ಬೇಬೆ, ಒಲೆಯ ಮುಂದೆ ಕೂತು ಸಾಸಿವೆ ಸೊಪ್ಪನ್ನು ಮಸೆಯುತ್ತ. "ಸತ್ತದ್ದು ಮೆಹಮಾ."

ನಾನು ಮೆಕ್ಕೆಜೋಳದ ರೊಟ್ಟಿ ತಟ್ಟುತ್ತಿದ್ದೆ. ನನ್ನ ಗಂಡ ದಲಬೀರ್ ಲಾಟೀನಿನ ಪಕ್ಕ ಕೂತು ತಮ್ಮ ಪುಸ್ತಕದ ಹಾಳೆ ಓದಿ ಹೇಳುತ್ತಿದ್ದರು. ಅವರು ಪೇಟೆಯ ಕಾಲೇಜಿನಲ್ಲಿ ಇತಿಹಾಸ ಕಲಿಸುವವರು. ಇಂಗ್ಲಿಷರ ಮೊದಲ ದೊಡ್ಡ ಯುದ್ಧಕ್ಕೆ ನಮ್ಮ ಊರಿನಿಂದ ಹೋದ ಅರವತ್ತೆರಡು ಜನ ಸಿಖ್ಖರ ಬಗ್ಗೆ ಎರಡು ವರ್ಷದಿಂದ ಮನೆಮನೆ ತಿರುಗಿ ಬರೆದಿದ್ದರು. ಎಪ್ಪತ್ನಾಲ್ಕರ ಆ ಚಳಿಗಾಲದಲ್ಲಿ ಬರಹ ಮುಗಿಯಿತು. ಮೊದಲ ಹಾಳೆ ನಮ್ಮ ಮನೆಯದ್ದೇ: ಬೇಬೆಯ ಗಂಡ, ಬಸ್ರಾದ ಹುತಾತ್ಮ ಸುಚ್ಚಾ ಸಿಂಗ್.

ಮಾವ ಅಜಾಯಬ್ ಸಿಂಗ್ ರೊಟ್ಟಿ ಮುರಿಯುವುದನ್ನು ನಿಲ್ಲಿಸಿದರು. ಮಾವ ಸೇನೆಯಲ್ಲಿ ಸುಬೇದಾರರಾಗಿ ನಿವೃತ್ತರಾದವರು, ಸುಚ್ಚಾ ಸಿಂಗರ ಒಬ್ಬನೇ ಮಗ. ಹುತಾತ್ಮನ ಮಗ ಅನ್ನುವ ಮಾತನ್ನು ಅವರು ಪೇಟದಂತೆ ತಲೆಯ ಮೇಲೇ ಹೊತ್ತು ತಿರುಗುತ್ತಿದ್ದರು.

"ಏನಂದೆ ಬೇಬೆ?"

"ಬಸ್ರಾಕ್ಕೆ ಹೋದದ್ದು ನಿನ್ನಪ್ಪ ಅಲ್ಲ ಕಣೋ. ನನ್ನ ಮೈದುನ ಮೆಹಮಾ. ಅಣ್ಣನ ಹೆಸರು ಹೇಳಿಕೊಂಡು ಹೋದ, ಅಣ್ಣನ ಹೆಸರಲ್ಲೇ ಸತ್ತ. ಪುಸ್ತಕದಲ್ಲಿ ಅವನ ಹೆಸರು ಬರೀಲಿ."

"ಹಾಗಾದ್ರೆ ನಮ್ಮಪ್ಪ ಎಲ್ಲಿ ಹೋದ್ರು?"

ಬೇಬೆ ಸೊಪ್ಪಿನ ಮಡಕೆಯಿಂದ ಕಣ್ಣೆತ್ತಲಿಲ್ಲ. "ಎಲ್ಲೂ ಹೋಗಲಿಲ್ಲ. ಈ ಅಂಗಳದಲ್ಲೇ ಇದ್ರು. ನೀನು ಅವರನ್ನ ಚಾಚಾ ಅಂತಿದ್ದೆ."

ನನ್ನ ಕೈಯಲ್ಲಿದ್ದ ರೊಟ್ಟಿ ಹೆಂಚಿಗೆ ಬೀಳುವ ಬದಲು ಬೂದಿಗೆ ಬಿತ್ತು. ಮಾವ ತಟ್ಟೆಯನ್ನು ಹಾಗೇ ಬಿಟ್ಟು ಎದ್ದರು. ಬೆಣ್ಣೆ ಹಾಕಿದ ಸೊಪ್ಪಿನೂಟವನ್ನು ಅವರು ಅರ್ಧಕ್ಕೆ ಬಿಟ್ಟದ್ದನ್ನು ಮದುವೆಯಾಗಿ ಬಂದ ಆರು ವರ್ಷಗಳಲ್ಲಿ ನಾನು ನೋಡಿರಲಿಲ್ಲ.

"ದಲಬೀರ್, ನಾಳೆ ಪೇಟೆಯಿಂದ ವೈದ್ಯರನ್ನ ಕರ್ಕೊಂಡು ಬಾ. ಬೇಬೆಗೆ ತಲೆ ಕೆಟ್ಟಿದೆ," ಎಂದು ಕೈತೊಳೆಯಲು ಹೋದರು.

"ನನ್ನ ತಲೆ ನೆಟ್ಟಗಿದೆ," ಎಂದರು ಬೇಬೆ ನನ್ನ ಕಡೆ ನೋಡಿ. "ಆ ರೊಟ್ಟಿ ಎಮ್ಮೆಗೆ ಹಾಕು ನಸೀಬೋ, ಇನ್ನೊಂದು ತಟ್ಟು."

ಈ ಚಾಚಾನನ್ನು, ಅಂದರೆ ಮಾವನ ಚಿಕ್ಕಪ್ಪನನ್ನು, ನಾನು ನೋಡಿಲ್ಲ. ಅವರು ಸತ್ತದ್ದು ಐವತ್ತೊಂದರಲ್ಲಿ. ಆದರೆ ಮನೆಯಲ್ಲಿ ಅವರ ಕಥೆ ಎಲ್ಲರಿಗೂ ಗೊತ್ತಿತ್ತು. ಅಣ್ಣ ಯುದ್ಧದಲ್ಲಿ ಸತ್ತ ಮೇಲೆ ನಮ್ಮಲ್ಲಿನ ಪದ್ಧತಿಯಂತೆ ಹಿರಿಯರು ಬೇಬೆಯ ಮೇಲೂ ಮೈದುನನ ಮೇಲೂ ಒಂದೇ ಚಾದರ ಹೊದಿಸಿ ಅವರಿಬ್ಬರನ್ನು ಗಂಡಹೆಂಡತಿ ಮಾಡಿದರು. ಆ ಚಾಚಾ ಹೊಲ ಉತ್ತರು, ಎಮ್ಮೆ ಸಾಕಿದರು, ಹೆಚ್ಚು ಮಾತಾಡಲಿಲ್ಲ. ಮಾವನಿಗೆ ಅವರನ್ನು ಕಂಡರೆ ಆಗುತ್ತಿರಲಿಲ್ಲ. ಅಪ್ಪ ಗುಂಡಿಗೆ ಎದೆ ಕೊಟ್ಟಾಗ ಮನೆಯಲ್ಲಿ ಬೆಚ್ಚಗೆ ಉಳಿದವನು, ಆಮೇಲೆ ಅಪ್ಪನ ಹೊಲಕ್ಕೂ ಅಪ್ಪನ ಹೆಂಡತಿಗೂ ಒಡೆಯನಾದವನು ಎಂಬ ಸಿಟ್ಟು.

ಆ ಸಿಟ್ಟಿನ ಗುರುತು ನಮ್ಮ ಗೋಡೆಯ ಮೇಲೇ ಇತ್ತು. ಯುದ್ಧ ಮುಗಿದ ಮೇಲೆ ವಿಲಾಯತಿಯಿಂದ ಅಂಗೈಯಗಲದ ಒಂದು ಕಂಚಿನ ಬಿಲ್ಲೆ ಬಂದಿತ್ತು. ಸತ್ತವರ ಮನೆಗೆಲ್ಲ ಕಳಿಸುತ್ತಿದ್ದರಂತೆ. ಅದರ ಮೇಲೆ ಇಂಗ್ಲಿಷಿನಲ್ಲಿ ಸುಚ್ಚಾ ಸಿಂಗ್ ಎಂಬ ಹೆಸರು ಉಬ್ಬಿಕೊಂಡಿತ್ತು. ಚಾಚಾ ಅದನ್ನು ತೆಗೆದು, ಬೆರಣಿಯ ಉರಿಯ ಮೇಲೆ ಇಡೀ ದಿನ ಕಾಯುವ ಹಾಲಿನ ಕುಡಿಕೆಗೆ ಮುಚ್ಚಳ ಮಾಡಿದರು. ಭಾರವಾಗಿತ್ತು, ಬೆಕ್ಕಿಗೆ ನೂಕಲು ಆಗುತ್ತಿರಲಿಲ್ಲ. ಹದಿನಾರು ವರ್ಷದ ಮಾವ ಶಾಲೆಯಲ್ಲಿ ಇಂಗ್ಲಿಷ್ ಕಲಿತು ಒಂದು ದಿನ ಆ ಮುಚ್ಚಳದ ಮೇಲಿನ ಹೆಸರು ಓದಿದರಂತೆ. ಓದಿ ಕುಡಿಕೆಯನ್ನೇ ಒದ್ದರು. ಹಾಲು ಅಂಗಳದ ತುಂಬ ಹರಿಯಿತು.

"ನಮ್ಮಪ್ಪನ ಹೆಸರನ್ನ ಮಸಿ ಮಾಡ್ತೀಯಾ? ನಿನ್ನಂಥ ಹೇಡಿಗೆ ಅದನ್ನ ಮುಟ್ಟೋ ಯೋಗ್ಯತೆ ಇಲ್ಲ!" ಎಂದರಂತೆ. ಚಾಚಾ ಕುಡಿಕೆಯ ಚೂರು ಆರಿಸಿದರಂತೆ. ಅಂದಿನಿಂದ ಬಿಲ್ಲೆ ಗೋಡೆಗೆ ಏರಿತು. ಮಾವ ಪ್ರತಿ ಭಾನುವಾರ ಅದನ್ನು ಹುಣಸೆಹುಳಿ ಹಾಕಿ ಉಜ್ಜುತ್ತಿದ್ದರು.

ವೈದ್ಯರು ಬಂದರು, ನಾಡಿ ನೋಡಿದರು, ಬೇಬೆ ಅವರಿಗೇ ಅವರ ತಾತನ ಹೆಸರು, ಮುತ್ತಾತನ ಹೆಸರು ಹೇಳಿ ಕಳಿಸಿದರು. ತಲೆ ಕೆಟ್ಟಿಲ್ಲವೆಂದು ಮನೆಗೆಲ್ಲ ತಿಳಿಯಿತು. ಅಲ್ಲಿಂದ ಮನೆಯಲ್ಲಿ ಊಟ ಊಟದ ಹಾಗೆ ಇರಲಿಲ್ಲ.

"ಬಾಪು, ಹೀಗೆ ತುಂಬ ಕಡೆ ನಡೆದಿದೆ," ಎಂದರು ದಲಬೀರ್ ಒಂದು ಸಂಜೆ, ಬೇಳೆಸಾರಿನ ಬಟ್ಟಲು ಮುಂದಿಟ್ಟುಕೊಂಡು. "ಮನೆಗೊಬ್ಬ ಬರಲೇಬೇಕು ಅಂತ ಊರ ಯಜಮಾನ ನಂಬರ್ದಾರ ಪಟ್ಟಿ ಮಾಡ್ತಿದ್ದ. ಪಟ್ಟಿಯಲ್ಲಿ ಒಬ್ಬ, ಹೋದವನು ಇನ್ನೊಬ್ಬ. ಪುಸ್ತಕದಲ್ಲಿ ಇದು ಬಂದ್ರೆ—"

"ಬಂದ್ರೆ? ನಿನಗೆ ಹಾರ ಹಾಕ್ತಾರೆ. ನನಗೆ?"

"ನಿಮಗೆ ಏನಾಗತ್ತೆ? ಐವತ್ತೇಳು ವರ್ಷದ ಹಳೇ ಮಾತು."

"ಐವತ್ತೇಳು ನನ್ನ ವಯಸ್ಸು ಕಣೋ!" ಮಾವನ ದನಿಗೆ ಹಿತ್ತಲಿನ ಎಮ್ಮೆ ಕೂಡ ಕಿವಿ ನಿಗುರಿಸಿತು. "ಸೇನೆಗೆ ಸೇರುವಾಗ ಹುತಾತ್ಮನ ಮಗ ಅಂತ ಬರೆಸಿದೀನಿ. ಗುರುದ್ವಾರದ ಕಲ್ಲಿನ ಮೇಲೆ ನಮ್ಮಪ್ಪನ ಹೆಸರಿದೆ. ವರ್ಷವರ್ಷ ಅವರ ಹೆಸರಲ್ಲಿ ಊರಿಗೆ ಊಟ ಹಾಕಿದೀನಿ. ಈಗ ಹೋಗಿ, ಇಲ್ಲ, ನಮ್ಮಪ್ಪ ತಮ್ಮನ್ನ ಸಾಯೋಕೆ ಕಳಿಸಿ ಮನೇಲಿ ಅಡಗಿದ್ದ ಅಂತ ಹೇಳಲಾ?"

"ಅಡಗಿರಲಿಲ್ಲ," ಎಂದರು ಬೇಬೆ ತಮ್ಮ ನುಲಿಮಂಚದಿಂದ.

"ನೀನು ಸುಮ್ಮನಿರು ಬೇಬೆ! ಇಷ್ಟು ವರ್ಷ ಸುಮ್ಮನಿದ್ದೆಯಲ್ಲ, ಇನ್ನೂ ನಾಲ್ಕು ದಿನ ಇರೋಕಾಗಲ್ವಾ?"

"ಇನ್ನು ನಾಲ್ಕೇ ದಿನ ಇರೋದು, ಅದಕ್ಕೇ ಹೇಳ್ತಿದೀನಿ."

ಮಾವ ಬಟ್ಟಲು ಕೆಳಗಿಟ್ಟು ನನ್ನ ಗಂಡನ ಕಡೆ ಬೆರಳು ತೋರಿಸಿದರು. "ಆ ಹೆಸರು ಅಚ್ಚಾದರೆ ನೀನು ಬೇರೆ ಮನೆ ನೋಡ್ಕೋ. ಅಚ್ಚಿನ ಖರ್ಚು ಕೊಡೋನು ನಾನು, ನೆನಪಿರಲಿ."

ನನ್ನ ಗಂಡ ಒಳ್ಳೆಯವರು, ಆದರೆ ಗಟ್ಟಿಗರಲ್ಲ. ಅಪ್ಪನ ಎದುರು ಅವರ ಬೆನ್ನು ಬೇಗ ಬಾಗುತ್ತದೆ. ಅದನ್ನು ನಾನು ಅವರ ಮುಖಕ್ಕೇ ಹೇಳಿದ್ದೇನೆ, ಇಲ್ಲಿ ಮುಚ್ಚಿಡುವುದೇನು? ಮರುದಿನ ಅವರು ಹಾಳೆಯಲ್ಲಿ ಒಂದಕ್ಷರವನ್ನೂ ತಿದ್ದದೆ ಜಲಂಧರದ ಅಚ್ಚುಕೂಟಕ್ಕೆ ಹೊರಟರು.

"ಬೇಬೆಗೆ ಏನು ಹೇಳಲಿ?" ಎಂದೆ.

"ಬರೆದಿದೀನಿ ಅಂತ ಹೇಳು," ಎಂದು ಸೈಕಲ್ ಹತ್ತಿದರು.

ಬೇಬೆ ಮಗನ ಜೊತೆ ಮಾತು ಬಿಟ್ಟರು. ಮಗ ಬಡಿಸಿದ್ದನ್ನು ತಿನ್ನಲಿಲ್ಲ, ನಾನು ಬಡಿಸಿದರೆ ತಿಂದರು. ಮಾವನಿಗೆ ಏನಾದರೂ ಹೇಳಬೇಕಾದರೆ, ಮಾವ ಎದುರಿಗೇ ಕೂತಿದ್ದರೂ, "ನಸೀಬೋ, ಸುಬೇದಾರ್ ಸಾಹೇಬರಿಗೆ ಹೇಳು, ಅವರ ಕಂಬಳಿ ಬಿಸಿಲಲ್ಲೇ ಇದೆ" ಅನ್ನುತ್ತಿದ್ದರು. ಮಾವ, "ಗೊತ್ತು ಅಂತ ಹೇಳು" ಅನ್ನುತ್ತಿದ್ದರು. ಇಬ್ಬರ ನಡುವೆ ನಾನು ಅಂಚೆಯವಳಾಗಿ ಸಾಕುಸಾಕಾದೆ.

ಒಂದು ದಿನ ಮಾಳಿಗೆಯ ಮೇಲೆ ಎಳೆಬಿಸಿಲಲ್ಲಿ ಬೇಬೆ ನಾನು ಇಬ್ಬರೂ ಬಟಾಣಿ ಸುಲಿಯುತ್ತಿದ್ದೆವು. ನಾನೇ ಕೇಳಿದೆ: "ಬೇಬೆ, ನಿಮ್ಮವರು ಯಾಕೆ ಯುದ್ಧಕ್ಕೆ ಹೋಗಲಿಲ್ಲ?"

"ಜ್ವರ," ಎಂದರು. "ಪಟ್ಟಿಯಲ್ಲಿ ಇದ್ದದ್ದು ಅವರದೇ ಹೆಸರು. ಹೋಗೋಕೆ ತಯಾರಿದ್ರು. ಹೊರಡೋ ವಾರಕ್ಕೆ ಸರಿಯಾಗಿ ಚಳಿಜ್ವರ ಬಂತು, ಕಣ್ಣೇ ಬಿಡ್ತಿರಲಿಲ್ಲ. ನಂಬರ್ದಾರ ಬಂದು ಇನ್ನು ನಾಲ್ಕು ದಿನ, ಅಷ್ಟರಲ್ಲಿ ಆಳು ಬೇಕು ಅಂದ. ಅಜಾಯಬ್ ನನ್ನ ಹೊಟ್ಟೇಲಿ ಆರು ತಿಂಗಳು." ಬಟಾಣಿ ಸಿಪ್ಪೆಯನ್ನು ಬೆರಳಲ್ಲಿ ಹಿಸುಕಿದರು. "ಮೆಹಮಾನ್ನ ನಾನೇ ಕೇಳಿದೆ ನಸೀಬೋ. ಬೇರೆ ಯಾರೂ ಅಲ್ಲ. ನಿನಗಿನ್ನೂ ಮದುವೆ ಇಲ್ಲ ಮಕ್ಕಳಿಲ್ಲ, ನೀನು ಹೋಗಪ್ಪ ಅಂದೆ. ಹದಿನೆಂಟು ವರ್ಷ ಅವನಿಗೆ. ಅತ್ತಿಗೆ, ಅಲ್ಲಿ ದಿನಾ ಮಾಂಸದೂಟ ಹಾಕ್ತಾರಂತೆ, ಯಾಕೆ ಹೋಗಬಾರದು ಅಂದ."

ನಾನು ಸುಲಿಯುವುದನ್ನು ಬಿಟ್ಟೆ.

"ಆದ್ರೆ ಸುಚ್ಚಾ ಅಂತ ಕರೆದರೆ ಅವನು ತಿರುಗಬೇಕಲ್ಲ? ಅಲ್ಲಿ ಹಾಜರಿ ಕೂಗಿದಾಗ ಸುಮ್ಮನಿದ್ರೆ ಸಿಕ್ಕಿಬೀಳ್ತಾನೆ. ಅದಕ್ಕೆ ಅಭ್ಯಾಸ ಮಾಡಿಸಿದೆ. ಗಂಡನ ಹೆಸರು ಹೆಂಗಸರು ಬಾಯಲ್ಲಿ ಹೇಳಬಾರದು. ನಾನು ಹೇಳಿದೆ. ಮೂರು ದಿನ. ಅವನು ಮೇವು ಕತ್ತರಿಸ್ತಿದ್ರೆ ಹಿಂದಿನಿಂದ ಸುಚ್ಚಾ ಸಿಂಗ್ ಅಂತ ಕೂಗ್ತಿದ್ದೆ. ಅವನು ತಿರುಗ್ತಿರಲಿಲ್ಲ. ಒಳಗೆ ಮಂಚದ ಮೇಲೆ ಜ್ವರದಲ್ಲಿದ್ದವರು 'ಏನು' ಅಂತಿದ್ರು. ಅತ್ತಿಗೆ ಮೈದುನ ಇಬ್ಬರೂ ಬಾಯಿಗೆ ಬಟ್ಟೆ ಹಿಡಿದು ನಕ್ಕಿದ್ದೇ ನಕ್ಕಿದ್ದು." ಬೇಬೆಯ ಬಾಯಿ ಈಗಲೂ ಸ್ವಲ್ಪ ನಕ್ಕಿತು. "ಮೂರನೇ ದಿನ ತಿರುಗಿದ. ಸಿಪಾಯಿ ಹಾಗೆ ಹಿಮ್ಮಡಿ ಜೋಡಿಸಿ ಹಾಜರ್ ಅಂದ. ಶಾಭಾಷ್ ಅಂದೆ."

"ಆಮೇಲೆ?"

"ಆಮೇಲೇನು. ಇವರು ಜ್ವರ ಬಿಟ್ಟ ದಿನವೇ ಎದ್ದು ನಡ್ಕೊಂಡು ಫಿರೋಜ್‌ಪುರಕ್ಕೆ ಹೋದ್ರು, ನನ್ನ ತಮ್ಮನ್ನ ಬಿಡಿ, ನಾನೇ ಸುಚ್ಚಾ ಅಂತ ಹೇಳೋಕೆ. ರೈಲು ಎರಡು ದಿನದ ಹಿಂದೆನೇ ಹೋಗಿತ್ತು. ಅಡಗಿದ್ದವರು ಹಾಗೆ ಹೋಗ್ತಾರಾ? ಅಜಾಯಬ್ ಹುಟ್ಟಿ ಎಂಟು ದಿನಕ್ಕೆ ಸುಚ್ಚಾ ಸತ್ತ ಅಂತ ಕಾಗದ ಬಂತು. ಕಾಗದ ತಂದಾಗ ಸುಚ್ಚಾ ಬಾಗಿಲಲ್ಲೇ ನಿಂತಿದ್ರು."

ನಿಜ ಹೇಳಿದರೆ ಸುಳ್ಳು ಹೆಸರು ಬರೆಸಿದ್ದಕ್ಕೆ ಸುಚ್ಚಾ ಸಿಂಗರಿಗೂ ಜೈಲು, ನಂಬರ್ದಾರನಿಗೂ ಜೈಲು. ಹಿರಿಯರೆಲ್ಲ ಸೇರಿ ಇನ್ನು ಮುಂದೆ ಸುಚ್ಚಾನೇ ಮೆಹಮಾ ಎಂದು ತೀರ್ಮಾನಿಸಿದರು. ಊರಿಗೆ ಗೊತ್ತಿತ್ತು, ಊರು ಬಾಯಿ ಮುಚ್ಚಿಕೊಂಡಿತು, ಆ ತಲೆಮಾರು ಹಾಗೆಯೇ ಮುಗಿದುಹೋಯಿತು. ವಿಧವೆ ಮೈದುನನ ಮನೆಯಲ್ಲಿ ಸುಮ್ಮನೆ ಇದ್ದರೆ ಸರ್ಕಾರದವರು ಕೇಳುತ್ತಾರೆಂದು ಚಾದರವನ್ನೂ ಹೊದಿಸಿದರು.

"ನನ್ನ ಗಂಡನ ಜೊತೆಗೇ ನನಗೆ ಎರಡನೇ ಮದುವೆ," ಎಂದರು ಬೇಬೆ. "ಚಾದರದೊಳಗೆ ಅವರು ಅಳ್ತಿದ್ರು. ಹೊರಗಿದ್ದವರಿಗೆ ಕಾಣಲಿಲ್ಲ."

"ಮಗನಿಗಾದ್ರೂ ಹೇಳಬಹುದಿತ್ತಲ್ಲ ಬೇಬೆ."

"ಮಕ್ಕಳ ಬಾಯಿ ನಂಬೋದು ಹೇಗೆ? ದೊಡ್ಡವನಾದ ಮೇಲೆ ಹೇಳೋಣ ಅಂತಿದ್ವಿ. ಅಷ್ಟರಲ್ಲಿ ಹಾಲಿನ ಕುಡಿಕೆ ಒದ್ದ. ಅವತ್ತು ಇವರು ನನ್ನ ಕೈಲಿ ಆಣೆ ಹಾಕಿಸಿಕೊಂಡ್ರು. ಹುಡುಗನಿಗೆ ಸತ್ತ ಅಪ್ಪನ ಮೇಲೆ ಅಷ್ಟು ಪ್ರೀತಿ ಇದೆ, ಬದುಕಿರೋ ಅಪ್ಪನನ್ನ ಕೊಟ್ಟು ಅದನ್ನ ಯಾಕೆ ಕಿತ್ಕೋಬೇಕು ಅಂದ್ರು. ಇವರು ಸತ್ತಾಗ ತಂತಿ ಕೊಟ್ವಿ. ರಜ ಇಲ್ಲ ಅಂತ ಅಜಾಯಬ್ ಬರಲಿಲ್ಲ. ಚಿತೆಗೆ ಪಕ್ಕದ ಮನೆ ಬಚಿತ್ತರ್ ಬೆಂಕಿ ಇಟ್ಟ. ಮೆಹಮಾ ಸಿಂಗನ ಆತ್ಮಕ್ಕೆ ಶಾಂತಿ ಸಿಗಲಿ ಅಂತ ಗುರುದ್ವಾರದ ಭಾಯಿಜಿ ಅರದಾಸ್ ಹೇಳಿದ್ರು. ಆ ಹುಡುಗನ ಹೆಸರಲ್ಲಿ ಪ್ರಾರ್ಥನೆ ಅಂತ ಆದದ್ದು ಅದೊಂದೇ ಸಲ, ಅದೂ ಬೇರೆಯವರ ಹೆಣದ ಮುಂದೆ."

ನಾನು ಸೆರಗಿನಲ್ಲಿ ಕಣ್ಣೊರೆಸಿಕೊಂಡೆ. ಬೇಬೆ ಅಳಲಿಲ್ಲ. "ಅವನಿಗೆ ಹೆಂಡತಿ ಇಲ್ಲ, ಮಗ ಇಲ್ಲ, ಕಲ್ಲಿಲ್ಲ. ಒಂದು ಹೆಸರಿತ್ತು, ಅದನ್ನ ನಾನು ಮೂರು ದಿನದಲ್ಲಿ ಮರೆಸಿದೆ. ಒಂದು ಸಲ ಬರೆದು ಬಿಡಲಿ. ಅಷ್ಟೇ ನಾನು ಕೇಳೋದು."

ಪುಸ್ತಕ ಫೆಬ್ರವರಿಯ ಕೊನೆಗೆ ಬಂತು. ಕೆಂಪು ರಟ್ಟು, ಚೆಂದದ ಕಾಗದ. ಮಾವ ಗುರುದ್ವಾರದಲ್ಲಿ ಇಡೀ ಊರಿಗೆ ಲಡ್ಡು ಹಂಚಿದರು. ಅಷ್ಟರಲ್ಲಿ ಬೇಬೆ ಹಾಸಿಗೆ ಹಿಡಿದಿದ್ದರು. ಎದೆಯಲ್ಲಿ ಕಫ ಕಟ್ಟಿ ಉಸಿರು ಗೊರಗೊರ ಅನ್ನುತ್ತಿತ್ತು, ಗಂಜಿ ಬಿಟ್ಟು ಬೇರೇನೂ ಇಳಿಯುತ್ತಿರಲಿಲ್ಲ.

"ಓದು," ಎಂದರು ನನಗೆ.

ನಾನು ಮೊದಲ ಪುಟ ತೆರೆದೆ. ಸುಚ್ಚಾ ಸಿಂಗ್ ಎಂದೇ ಇತ್ತು. ಬೇಬೆಗೆ ಓದಲು ಬಾರದು. ನಾನು ಗಂಟಲು ಸರಿಮಾಡಿಕೊಂಡು, "ಸಿಪಾಯಿ ಮೆಹಮಾ ಸಿಂಗ್, ವಸಾವಾ ಸಿಂಗರ ಮಗ, ವಯಸ್ಸು ಹದಿನೆಂಟು, ಬಸ್ರಾದಲ್ಲಿ ಮಡಿದರು" ಎಂದು ಓದಿದೆ. ಬೇಬೆ ಪುಸ್ತಕ ಇಸಿದುಕೊಂಡು ಹಣೆಗೆ ಒತ್ತಿಕೊಂಡರು. ಸುಳ್ಳು ಓದಿದ್ದಕ್ಕೆ ನನಗೆ ನಾಚಿಕೆಯಾಯಿತು.

ಆಮೇಲೆ ದಿನವೂ ಬೆಳಗಿನ ಗಂಜಿ ಆದ ಮೇಲೆ ಓದಿಸಿಕೊಳ್ಳುತ್ತಿದ್ದರು. ನಾನೂ ದಿನಕ್ಕೊಂದಿಷ್ಟು ಸೇರಿಸುತ್ತ ಹೋದೆ: ಬಹಳ ಚುರುಕಿನ ಹುಡುಗ, ನಗುಮುಖದವನು, ಮೇವು ಕತ್ತರಿಸುವುದರಲ್ಲಿ ಊರಿಗೇ ಮೊದಲು. ಅಡುಗೆಮನೆಯ ಬಾಗಿಲಲ್ಲಿ ನಿಂತು ದಲಬೀರ್ ಕೇಳಿಸಿಕೊಂಡು ತಲೆ ತಗ್ಗಿಸಿ ಹೋಗುತ್ತಿದ್ದರು. ಅವರಿಗೆ ನಾಚಿಕೆಯಾಗಲಿ ಎಂದೇ ನಾನು ಸ್ವಲ್ಪ ಜೋರಾಗಿ ಓದುತ್ತಿದ್ದೆ.

ಹನ್ನೊಂದನೆಯ ದಿನ ಬೇಬೆ ನನ್ನ ಕೈ ಹಿಡಿದರು. "ನೀನು ಚೆನ್ನಾಗಿ ಓದ್ತೀಯ ಮಗಳೇ. ಆದ್ರೆ ಅದು ಅಚ್ಚಾಗಿದ್ರೆ ಅಜಾಯಬ್ ಊರಿಗೆ ಲಡ್ಡು ಹಂಚ್ತಿದ್ನಾ?"

ನಾನು ಪುಸ್ತಕ ಮುಚ್ಚಿದೆ.

"ಸುಬೇದಾರ್ ಸಾಹೇಬರನ್ನ ಕರಿ."

ಮಾವ ಹೊಲದಿಂದ ಬಂದರು, ಕಾಲಲ್ಲಿ ಮಣ್ಣು. ಬಾಗಿಲಲ್ಲೇ ನಿಂತರು. ಎರಡು ತಿಂಗಳ ಮೇಲೆ ಬೇಬೆ ಮಗನಿಗೆ ನೇರವಾಗಿ ಮಾತಾಡಿದರು.

"ಅಜಾಯಬ್, ಹೆದರಿದವರು ಅವರಲ್ಲ ಕಣೋ. ಹೆದರಿದ್ದು ನಾನು. ಕಳಿಸಿದ್ದೂ ನಾನು. ನಿನ್ನನ್ನ ಹೊಟ್ಟೇಲಿ ಇಟ್ಕೊಂಡು ಒಬ್ಬಳೇ ಉಳಿಯೋಕೆ ಹೆದರಿದೆ. ಬೈಯೋದಾದ್ರೆ ನನ್ನ ಬೈ. ಅವರು ಹುಷಾರಾದ ದಿನವೇ ಫಿರೋಜ್‌ಪುರಕ್ಕೆ ನಡ್ಕೊಂಡು ಹೋಗಿದ್ರು, ತಮ್ಮನ್ನ ಬಿಡಿಸೋಕೆ."

ಮಾವ ಹೊಸ್ತಿಲು ದಾಟಲಿಲ್ಲ. ಅವರ ಕೈ ಬಾಗಿಲ ಚೌಕಟ್ಟನ್ನು ಬಿಗಿಯಾಗಿ ಹಿಡಿದಿತ್ತು.

"ಆ ಪುಸ್ತಕ ತಗೋ. ನೀನು ಓದು."

ಮಾವ ಪುಸ್ತಕ ತೆಗೆದುಕೊಂಡರು. ಕನ್ನಡಕ ಹಾಕಿಕೊಂಡರು. ಪುಟ ತೆರೆದು ಬಹಳ ಹೊತ್ತು ನೋಡಿದರು. ಸುಚ್ಚಾ ಸಿಂಗ್ ಎಂಬ ಹೆಸರು ಅವರ ಕಣ್ಣ ಮುಂದೆಯೇ ಇತ್ತು. ಅದು ಅಲ್ಲೇ ಇರಲಿ ಎಂದು ಹಟ ಹಿಡಿದವರು ಅವರೇ.

"ಸಿಪಾಯಿ..." ಎಂದು ನಿಲ್ಲಿಸಿದರು. ಆಮೇಲೆ ಬೆನ್ನು ನೆಟ್ಟಗೆ ಮಾಡಿ, ಸೇನೆಯಲ್ಲಿ ಹಾಜರಿ ಕೂಗುವ ದನಿಯಲ್ಲಿ, "ಸಿಪಾಯಿ ಮೆಹಮಾ ಸಿಂಗ್! ವಸಾವಾ ಸಿಂಗರ ಮಗ!" ಎಂದರು.

"ಇನ್ನೊಂದು ಸಲ."

"ಸಿಪಾಯಿ ಮೆಹಮಾ ಸಿಂಗ್!" ಈ ಸಲ ದನಿ ಒಡೆಯಿತು.

ಬೇಬೆ ಮಗನನ್ನು ನೋಡುತ್ತಿರಲಿಲ್ಲ. ಅವರ ಹಿಂದೆ, ಬಾಗಿಲಾಚೆ, ಮೇವು ಕತ್ತರಿಸುವ ಜಾಗವನ್ನು ನೋಡುತ್ತಿದ್ದರು.

"ತಿರುಗಿದ ಕಣೋ," ಎಂದರು. "ತಿರುಗಿದ."

ಎರಡು ದಿನದ ಮೇಲೆ ಬೆಳಿಗ್ಗೆ, ನಾನು ಗಂಜಿ ಆರಿಸುತ್ತಿದ್ದಾಗ, ಬೇಬೆ ಹೋದರು.

ಹತ್ತನೆಯ ದಿನ ಗುರುದ್ವಾರದಲ್ಲಿ ಗ್ರಂಥದ ಪಾಠ ಮುಗಿದು ಅರದಾಸ್‌ಗೆ ಎಲ್ಲರೂ ಎದ್ದು ನಿಂತೆವು. ಊರಿಗೆ ಊರೇ ಸೇರಿತ್ತು. ಭಾಯಿಜಿ ಕಣ್ಣು ಮುಚ್ಚಿ ಜೋರಾಗಿ ಹೇಳಿದರು: "ಹುತಾತ್ಮ ಸುಚ್ಚಾ ಸಿಂಗರ ವಿಧವೆ, ಆಮೇಲೆ ಮೆಹಮಾ ಸಿಂಗರ ಕೈ ಹಿಡಿದ ಮಾತೆ ಧನ್ ಕೌರ್..." ನಾನು ಮಾವನ ಕಡೆ ನೋಡಿದೆ. ದಲಬೀರ್ ಕೂಡ ನೋಡಿದರು. ಈಗ ಒಂದು ಮಾತು ಹೇಳಿದರೆ ಸಾಕಿತ್ತು. ಮಾವ ಕೈ ಮುಗಿದುಕೊಂಡು ನಿಂತಿದ್ದರು, ಅಷ್ಟೇ. ಅರದಾಸ್ ಮುಗಿಯಿತು. ಎಲ್ಲರೂ ಹಣೆ ನೆಲಕ್ಕೆ ಮುಟ್ಟಿಸಿದರು. ನನಗೆ ಅವರ ಮೇಲೆ ಅಂದು ಬಂದ ಸಿಟ್ಟು ಇಂದಿಗೂ ಪೂರ್ತಿ ಇಳಿದಿಲ್ಲ.

ಮನೆಗೆ ಬಂದು ನಾನು ಒಲೆ ಹೊತ್ತಿಸಿದೆ. ನೆಂಟರಿಗೆ ಚಹಾ ಆಗಬೇಕಿತ್ತು. ಬೆರಣಿಯ ಉರಿಯ ಮೇಲೆ ಹಾಲಿನ ಕುಡಿಕೆ ಇಟ್ಟು ಮುಚ್ಚಲು ತಟ್ಟೆ ಹುಡುಕುತ್ತಿದ್ದೆ. ಮಾವ ಒಳಗಿನ ಕೋಣೆಯಿಂದ ಬಂದರು. ಕೈಯಲ್ಲಿ ಗೋಡೆಯ ಮೇಲಿನ ಕಂಚಿನ ಬಿಲ್ಲೆ. ನಲವತ್ತು ವರ್ಷದಿಂದ ಉಜ್ಜಿದ್ದಕ್ಕೆ ಅದು ಚಿನ್ನದಂತೆ ಹೊಳೆಯುತ್ತಿತ್ತು.

ಅವರು ನನ್ನ ಪಕ್ಕ ಕುಕ್ಕರಗಾಲಲ್ಲಿ ಕೂತರು. ಹೊಗೆಗೆ ಕಣ್ಣು ಕಿರಿದು ಮಾಡಿ, ಬಿಲ್ಲೆಯನ್ನು ಕುಡಿಕೆಯ ಬಾಯಿಗೆ ಇಟ್ಟು, ಅಲುಗಾಡದ ಹಾಗೆ ಬೆರಳಿನಿಂದ ಸರಿಪಡಿಸಿದರು. ಮಸಿ ಆಗಲೇ ಅದರ ಅಂಚಿಗೆ ಹತ್ತತೊಡಗಿತ್ತು.

"ಅಪ್ಪ ಇದನ್ನ ಇಲ್ಲೇ ಇಡ್ತಿದ್ದದ್ದು," ಎಂದರು.